ಕೇಳದೆ ಕೊಟ್ಟ ಮುಖ

ಬದುಕಿದ್ದ ಮನುಷ್ಯನನ್ನು ಸತ್ತಿದ್ದಾನೆ ಎಂದು ಹೇಳಿದವನು ನಾನು. ಗೊತ್ತಿಲ್ಲದೆ ಹೇಳಿದ್ದಲ್ಲ. ಹೇಳುವುದಕ್ಕೆ ಸ್ವಲ್ಪ ಮೊದಲು ಅವನೊಡನೆ ಫೋನಿನಲ್ಲಿ ಮಾತಾಡಿದ್ದೆ. ಮೊಣಕಾಲು ನೋವು ಹೇಗಿದೆ ಎಂದು ಕೇಳಿದ್ದೆ, ಬಂಗುಡೆ ಸಿಗುತ್ತಿದೆಯೋ ಎಂದು ಕೇಳಿದ್ದೆ, ಅವನ ನಗುವನ್ನು ಕಿವಿಯಾರೆ ಕೇಳಿದ್ದೆ. ಆಮೇಲೆ ಕೋಣೆಯಿಂದ ಹೊರಗೆ ಬಂದು, ಸೋಫಾದಲ್ಲಿ ಕಾಯುತ್ತಿದ್ದ ನನ್ನ ಮೊಮ್ಮಗಳಿಗೆ, "ಅವನು ತೀರಿಕೊಂಡಿದ್ದಾನಂತೆ ಮಗಾ" ಎಂದೆ. ಫೋನು ಇನ್ನೂ ನನ್ನ ಕೈಯಲ್ಲೇ ಬೆಚ್ಚಗಿತ್ತು.

ಓದುವವರು ದಯವಿಟ್ಟು 'ಪಾಪ ಮುದುಕ' ಎನ್ನಬೇಡಿ. ಆ ಮಾತು ಕೇಳಿದರೆ ನನಗೆ ಈಗ ಮೈ ಉರಿಯುತ್ತದೆ. ಪಾಪ ಎನ್ನಬೇಕಾದವರು ಬೇರೆ ಇದ್ದಾರೆ. ನಾನು ಕಲಿತದ್ದು ಐದನೇ ಕ್ಲಾಸು, ಬರೆದು ಅಭ್ಯಾಸವಿಲ್ಲ. ವಾಕ್ಯ ಎಲ್ಲಿಯಾದರೂ ಅರ್ಧಕ್ಕೆ ನಿಂತರೆ ಅದು ನನ್ನ ಕೈ ನಿಂತದ್ದು. ಆದರೆ ಸುಳ್ಳು ಹೇಳುವುದಕ್ಕೆ ಐದನೇ ಕ್ಲಾಸೇ ಸಾಕಾಗಿತ್ತಲ್ಲ — ನಿಜ ಹೇಳುವುದಕ್ಕೂ ಸಾಕು.

ಆ ಗೆಳೆಯನನ್ನು ಇಲ್ಲಿ ವಾಸು ಎಂದು ಕರೆಯುತ್ತೇನೆ. ಅವನ ಹೆಸರು ಅದಲ್ಲ. ಅವನ ಹೆಂಡತಿಯನ್ನು ಸುಮತಿ ಎನ್ನುತ್ತೇನೆ. ಅವರ ಹೆಸರೂ ಅದಲ್ಲ.

ನಾನು ಮೊದಲು ಗಲ್ಫಿಗೆ ಬಂದದ್ದು ಅಬುಧಾಬಿಗೆ. ಎಲೆಕ್ಟ್ರಾ ಸ್ಟ್ರೀಟಿನಲ್ಲಿ ಟಿವಿ, ವಿಸಿಆರ್ ಮಾರುವ ಅಂಗಡಿಯೊಂದರಲ್ಲಿ ಸಾಮಾನು ಹೊರುವ ಕೆಲಸ. ಆ ಬೀದಿಯ ಹಿಂದೆಯೇ ಒಂದು ಹಳೆಯ ಮನೆಯ ಒಂದು ಕೋಣೆಯಲ್ಲಿ ನಾವು ಉಡುಪಿ, ಕಾಪು ಕಡೆಯ ಹುಡುಗರು ಮಂಚದ ಮೇಲೆ ಮಂಚ ಹಾಕಿಕೊಂಡು ಇದ್ದೆವು. ಆಗ ಫೋನು ಮಾಡುವುದೆಂದರೆ ದುಬಾರಿ, ಕಾಗದ ಬರೆಯೋಣವೆಂದರೆ ನಮ್ಮಲ್ಲಿ ಅರ್ಧ ಜನಕ್ಕೆ ಬರೆಯಲು ಬಾರದು. ಅದಕ್ಕೆ ನಾವು ಕಂಡುಕೊಂಡ ದಾರಿ ಕ್ಯಾಸೆಟ್. ಯಾರಾದರೂ ರಜೆಯಲ್ಲಿ ಊರಿಗೆ ಹೊರಟರೆ ಸಾಕು, ಅಂಗಡಿಯ ಯಜಮಾನನನ್ನು ಕಾಡಿ ಬೇಡಿ ವೀಡಿಯೊ ಕ್ಯಾಮೆರಾ ತರುತ್ತಿದ್ದೆ. ಶುಕ್ರವಾರ ಮಧ್ಯಾಹ್ನ ಊಟ ಮುಗಿಸಿ ಒಬ್ಬೊಬ್ಬರನ್ನೇ ಕೂರಿಸಿ ಅವರು ಮನೆಯವರಿಗೆ ಹೇಳುವ ಮಾತನ್ನು ತೆಗೆಯುತ್ತಿದ್ದೆ. ಊರಿಗೆ ಹೋದವನು ಮನೆಮನೆಗೆ ಕ್ಯಾಸೆಟ್ ಒಯ್ದು, ಟಿವಿ ಇದ್ದ ಮನೆಯಲ್ಲಿ ಹೆಂಗಸರು ಮಕ್ಕಳನ್ನು ಕೂರಿಸಿ ತೋರಿಸಬೇಕು. ಅದು ನಮ್ಮ ಕೋಣೆಯ ಕಾನೂನು.

ಅದರಲ್ಲಿ ಮೋಸವೂ ಇತ್ತು. ಹಿಂದೆ ಕಾಣುವ ಮಂಚ, ಬಕೆಟು, ಹಗ್ಗದ ಮೇಲಿನ ಒಳಚಡ್ಡಿಗಳನ್ನು ಮುಚ್ಚಲು ಹೂವಿನ ಚಿತ್ರದ ಹೊಸ ಬೆಡ್‌ಶೀಟು ಕಟ್ಟುತ್ತಿದ್ದೆವು. ಎಲ್ಲರಿಗೂ ಒಂದೇ ಅಂಗಿ — ನೀಲಿ ಗೆರೆಯದು — ಒಬ್ಬನ ಮೈಯಿಂದ ಬಿಚ್ಚಿ ಇನ್ನೊಬ್ಬ ಹಾಕಿಕೊಳ್ಳುವುದು. ಒಂದೇ ವಾಚು. "ಕೈ ಸ್ವಲ್ಪ ಎತ್ತು ಮಾರಾಯ, ವಾಚು ಕಾಣ್ಲಿ" ಎಂದು ನಾನೇ ಹೇಳುತ್ತಿದ್ದೆ. ಊರಿನಲ್ಲಿ ಯಾರೋ, "ಇವರೆಲ್ಲ ಒಂದೇ ಅಂಗಡಿಯಲ್ಲಿ ಬಟ್ಟೆ ತಗೊಳ್ತಾರಾ ಎಂತದು" ಎಂದು ಕೇಳಿದರಂತೆ. ಅದನ್ನು ಕೇಳಿ ನಾವು ಹೊಟ್ಟೆ ಹಿಡಿದು ನಕ್ಕಿದ್ದೆವು.

ಒಂದು ಶುಕ್ರವಾರ ವಾಸು ಕುಳಿತ. ಅವನು ಬಂದು ಹೆಚ್ಚು ಸಮಯ ಆಗಿರಲಿಲ್ಲ. ಉಳಿದವರು ಹೊರಗೆ ನೆರಳಿನಲ್ಲಿ ಇಸ್ಪೀಟು ಆಡುತ್ತಿದ್ದರು, ಒಳಗೆ ನಾವಿಬ್ಬರೇ. ಅಂಗಿ ಹಾಕಿಕೊಂಡ, ವಾಚು ಕಟ್ಟಿಕೊಂಡ, ನಾನು "ಹ್ಞೂಂ, ಶುರು ಮಾಡು" ಎಂದೆ. ಅವನು "ಸುಮತಿ" ಎಂದು ಹೇಳಿ ನಿಲ್ಲಿಸಿದ. ಆಮೇಲೆ ಏನೋ ಕಟ್ಟೆ ಒಡೆದ ಹಾಗೆ — ತಾನು ಊರಿನಲ್ಲಿ ಹೇಳಿ ಬಂದ ಕೆಲಸ ಇಲ್ಲಿ ಮಾಡುತ್ತಿಲ್ಲ, ನಿಜವಾಗಿ ಮಾಡುತ್ತಿರುವುದು ಬೇರೆ ಕೆಲಸ ಎಂದು ಎಲ್ಲವನ್ನೂ ಹೇಳಿಬಿಟ್ಟ. ಹೇಳುತ್ತ ಅತ್ತ. ಅಳುವಾಗಲೂ ಕ್ಯಾಮೆರಾವನ್ನೇ ನೋಡಿದ, ಅದರೊಳಗೆ ಅವಳು ಕುಳಿತಿದ್ದಾಳೆ ಎನ್ನುವ ಹಾಗೆ.

ಅದು ಯಾವ ಕೆಲಸ, ಅವನ ಬಾಯಿಂದ ಬಂದ ಮಾತು ಯಾವುದು ಎಂದು ನಾನು ಇಲ್ಲಿ ಬರೆಯುವುದಿಲ್ಲ. ಕಳ್ಳತನವಲ್ಲ, ಕೆಟ್ಟದ್ದಲ್ಲ, ಮೈ ಮುರಿದು ದುಡಿಯುವ ಕೆಲಸ. ನೋಡಿದವರು ಸಾವಿರ ಜನ ಇದ್ದೀರಿ, ನೋಡಿದ್ದು ಸಾಕು. ನೋಡದವರಿಗೆ ಅದು ಬೇಕಾಗಿಲ್ಲ.

ಮುಗಿಸಿ ಮುಖ ಒರೆಸಿಕೊಂಡು, "ಅಳಿಸಿಬಿಡಿ ಜಗ್ಗಣ್ಣ" ಎಂದ. "ಅವಳು ಇದನ್ನು ನೋಡಿದರೆ ನಾನು ಊರಿಗೆ ಮುಖ ಹಾಕುವ ಹಾಗಿಲ್ಲ."

"ಆಯ್ತು ಮಾರಾಯ, ಇಲ್ನೋಡು, ಅಳಿಸಿದೆ" ಎಂದೆ. ಬೇರೆ ಕ್ಯಾಸೆಟ್ ಹಾಕಿದೆ. ಎರಡನೇ ಸಲ ಅವನು ನಗುತ್ತ, ವಾಚು ತೋರಿಸುತ್ತ, ಇಲ್ಲಿ ಎಲ್ಲ ಒಳ್ಳೆಯದುಂಟು ಎಂದ. ಊರಿಗೆ ಹೋದದ್ದು ಅದು. ಮೊದಲಿನದ್ದು ನನ್ನ ಪೆಟ್ಟಿಗೆಗೆ ಹೋಯಿತು.

ಯಾಕೆ ಇಟ್ಟುಕೊಂಡೆ? ಬೇರೆ ಕೋಣೆಯವರಿಗೆ ತೋರಿಸಿ ನಗಲಿಕ್ಕಲ್ಲ. ಅಷ್ಟು ಕೀಳಾಗಿರಲಿಲ್ಲ — ಅಥವಾ ಅದಕ್ಕಿಂತ ಕೀಳು. ಅದು ನಾನು ತೆಗೆದದ್ದರಲ್ಲೆಲ್ಲ ಒಳ್ಳೆಯ ತುಂಡು. ಕಿಟಕಿಯ ಬೆಳಕು ಅವನ ಒಂದು ಕೆನ್ನೆಗೆ ಮಾತ್ರ ಬಿದ್ದಿತ್ತು, ಕೈ ನಡುಗದೆ ಹಿಡಿದಿದ್ದೆ, ಅವನು ಅತ್ತಾಗ ತಾನಾಗಿಯೇ ಸ್ವಲ್ಪ ಹತ್ತಿರ ಹೋಗಿದ್ದೆ. ಗೆಳೆಯ ಕರುಳು ಕಿತ್ತುಕೊಂಡು ಮಾತಾಡುತ್ತಿದ್ದಾನೆ, ನಾನು — ಆಹಾ, ಚೆನ್ನಾಗಿ ಬರ್ತಾ ಉಂಟು, ಎಂದುಕೊಳ್ಳುತ್ತಿದ್ದೆ. ಈ ಸಿಟ್ಟನ್ನು ಎಲ್ಲಿ ಹಾಕಲಿ ಹೇಳಿ.

ವರುಷಗಳು ಹೋದವು. ವಾಸು ಊರು ಸೇರಿದ, ಮನೆ ಕಟ್ಟಿದ, ಮಕ್ಕಳನ್ನು ಓದಿಸಿದ, ಮದುವೆ ಮಾಡಿದ. ಊರಿಗೆ, ಮಕ್ಕಳಿಗೆ, ಸೊಸೆಗೆ ಅವನು ಅಬುಧಾಬಿಯಲ್ಲಿ ಆಫೀಸು ಕೆಲಸ ಮಾಡಿ ಬಂದವನೇ. ನಾನು ದುಬೈಗೆ ಬಂದೆ. ನನ್ನವಳು ಹೋದ ಮೇಲೆ ಮಗಳು, ಅಳಿಯ ನನ್ನನ್ನು ಕರಾಮದ ತಮ್ಮ ಫ್ಲ್ಯಾಟಿಗೆ ಕರೆಸಿಕೊಂಡರು. ಅಲ್ಲಿಯೇ ಹುಟ್ಟಿ ಬೆಳೆದವಳು ನನ್ನ ಮೊಮ್ಮಗಳು ಶ್ರಾವ್ಯ.

ಶ್ರಾವ್ಯಳ ಕೆಲಸ ಏನು ಎಂದು ನನಗೆ ತಿಳಿಯಲು ತುಂಬ ಸಮಯ ಬೇಕಾಯಿತು. ಸಿನಿಮಾ, ಟಿವಿಯವರಿಗೆ ಹಳೆಯ ಕಾಲದ ದೃಶ್ಯ ಬೇಕಾಗುತ್ತದೆ — ದುಬೈಯ ಹಿಂದಿನ ದೇರಾ ಪೇಟೆ ಹೇಗಿತ್ತು, ದೋಣಿಕಟ್ಟೆ ಹೇಗಿತ್ತು, ನಮ್ಮಂಥವರು ಹೇಗಿದ್ದರು. ಅದು ಯಾರ ಮನೆಯ ಅಟ್ಟದಲ್ಲಿದೆ, ಯಾರ ಗೋದಾಮಿನಲ್ಲಿದೆ ಎಂದು ಹುಡುಕಿ, ಒಪ್ಪಿಗೆ ಪಡೆದು, ಅವರಿಗೆ ಇಷ್ಟು ಕಾಲಕ್ಕೆ ಎಂದು ಬಳಸಲು ಕೊಡಿಸುವುದು. ಅದಕ್ಕೆ ಲೈಸೆನ್ಸು ಎನ್ನುತ್ತಾರೆ. "ಮದುವೆ ದಲ್ಲಾಳಿ ಕೆಲಸ ಅಂತ ಹೇಳು" ಎಂದೆ ನಾನು.

"ಹಾಗೇ ಅಜ್ಜ. ಎರಡೂ ಕಡೆ ಕೇಳ್ಬೇಕು. ಶೂಟ್ ಮಾಡಿದವರನ್ನೂ ಕೇಳ್ಬೇಕು, ಅದರಲ್ಲಿ ಮುಖ ಕಾಣುವವರನ್ನೂ ಕೇಳ್ಬೇಕು. ಒಬ್ಬರು ನೋ ಅಂದ್ರೆ ಖಲಾಸ್."

ನನಗೆ ಎಷ್ಟು ಸಂತೋಷ ಎಂದರೆ — ನಮ್ಮ ಕಟ್ಟಡ ಕಾಯುವ ನಾತೂರನಿಗೆ, ಚಹಾದಂಗಡಿಯ ಮಲಬಾರಿ ಹುಡುಗನಿಗೆ, ಚೌರದವನಿಗೆ, ಯಾರು ಸಿಕ್ಕಿದರೂ ಹಿಡಿದು ನಿಲ್ಲಿಸಿ ಹೇಳುತ್ತಿದ್ದೆ. ನನ್ನ ಮೊಮ್ಮಗಳು ಸಿನಿಮಾದಲ್ಲಿದ್ದಾಳೆ ಎಂದು. ಸಾಮಾನು ಹೊತ್ತವನ ಮೊಮ್ಮಗಳು ಕುತ್ತಿಗೆಗೆ ಕಾರ್ಡು ತೂಗಿಸಿಕೊಂಡು ಬಾಗಿಲು ತನ್ನಷ್ಟಕ್ಕೆ ತೆರೆಯುವ ಆಫೀಸಿಗೆ ಹೋಗುತ್ತಾಳೆ. ಎದೆ ಬಿರಿಯುತ್ತಿತ್ತು. ಆ ಸಂತೋಷದ ಮೇಲೆಯೇ ನನಗೆ ಈಗ ಎಲ್ಲಕ್ಕಿಂತ ಹೆಚ್ಚು ಸಿಟ್ಟು. ದುಃಖದಲ್ಲಿದ್ದಿದ್ದರೆ ನಾನು ಇಷ್ಟು ಕುರುಡನಾಗುತ್ತಿರಲಿಲ್ಲ.

ಅವಳ ಕಂಪನಿಗೆ ಒಂದು ದೊಡ್ಡ ಕೆಲಸ ಬಂತು. ಗಲ್ಫಿಗೆ ದುಡಿಯಲು ಬಂದವರು ಮನೆಗೆ ಕಳಿಸಿದ ಕ್ಯಾಸೆಟ್ಟುಗಳ ಮೇಲೆಯೇ ಒಂದು ಸಿನಿಮಾ. ಶ್ರಾವ್ಯಳಿಗೆ ಒಬ್ಬಳೇ ನೋಡಿಕೊಳ್ಳುವ ಮೊದಲ ಕೆಲಸ ಅದು. ಎಲ್ಲಿ ಹುಡುಕಿದರೂ ಸಿಗುತ್ತಿಲ್ಲ, ಸಿಕ್ಕಿದ್ದು ಬೂಷ್ಟು ಹಿಡಿದಿದೆ. ಹುಡುಗಿ ಊಟ ಬಿಟ್ಟು ಮಂಕಾಗಿ ಕುಳಿತಳು. ನನಗೆ ತಡೆಯಲಿಲ್ಲ. ಪೆಟ್ಟಿಗೆ ಎಳೆದು ಮುಂದಿಟ್ಟೆ. "ತಗೋ ಮಗಾ, ಇದರಲ್ಲಿ ನಮ್ಮ ಇಡೀ ಕೋಣೆ ಉಂಟು."

ವಾಸುವಿನದ್ದು ಅದರಲ್ಲಿದೆ ಎಂದು ನೆನಪಿರಲಿಲ್ಲ ಎಂದು ಬರೆಯಬಹುದಿತ್ತು. ಬರೆಯುವುದಿಲ್ಲ. ನೆನಪಿತ್ತು.

ಕ್ಯಾಸೆಟ್ಟುಗಳನ್ನು ಕಂಪ್ಯೂಟರಿಗೆ ಹಾಕಿಸಿದರು. ಒಂದು ದಿನ ಅಲ್ ಮುರಕ್ಕಬಾತ್‌ನ ಒಂದು ಹೋಟೆಲಿಗೆ ನಿರ್ದೇಶಕ ನನ್ನನ್ನು ಊಟಕ್ಕೆ ಕರೆದ. ನನ್ನ ಅಳಿಯನ ವಯಸ್ಸಿನವನು, ಎಲ್ಲಿಯವನೋ, ಮಾತೆಲ್ಲ ಇಂಗ್ಲಿಷು. ಲ್ಯಾಪ್‌ಟಾಪಿನಲ್ಲಿ ವಾಸುವನ್ನು ತೋರಿಸಿ ನನ್ನ ಕೈ ಹಿಡಿದುಕೊಂಡ. ಶ್ರಾವ್ಯ ಕನ್ನಡ ಮಾಡಿ ಹೇಳಿದಳು: "ಅಜ್ಜ, ಇದನ್ನು ಶೂಟ್ ಮಾಡಿದವರು ಆರ್ಟಿಸ್ಟ್ ಅಂತೆ. ಇಡೀ ಫಿಲ್ಮ್ ಇದರ ಮೇಲೆ ನಿಲ್ತದಂತೆ."

ಆರ್ಟಿಸ್ಟ್. ಎಲೆಕ್ಟ್ರಾ ಸ್ಟ್ರೀಟಿನಲ್ಲಿ ಟಿವಿ ಹೊತ್ತವನಿಗೆ ಆ ಮಾತು ಹೇಳಿದರೆ ಏನಾಗುತ್ತದೆ? ಬಿರಿಯಾನಿ ಹಾಗೇ ಬಿಟ್ಟೆ, ಅಷ್ಟು ಉಬ್ಬಿದೆ. ಅಲ್ಲಿಯೇ ಹೇಳಬಹುದಿತ್ತು — ಇದು ಅಳಿಸಬೇಕಾಗಿದ್ದದ್ದು, ಕೊಡುವ ಹಾಗಿಲ್ಲ ಎಂದು. ಹೇಳಲಿಲ್ಲ.

ಶ್ರಾವ್ಯ ತನ್ನ ಕ್ರಮ ಬಿಡಲಿಲ್ಲ. ಕೋಣೆಯ ಒಬ್ಬೊಬ್ಬರನ್ನೇ ಹುಡುಕಿದಳು, ಫೋನು ಮಾಡಿದಳು, ತೀರಿಕೊಂಡವರ ಮಕ್ಕಳನ್ನು ಕೇಳಿದಳು. ಎಲ್ಲರೂ ಒಪ್ಪಿದರು. ಕೊನೆಗೆ ಉಳಿದವನು ವಾಸು. "ಅವನದ್ದು ನಾನೇ ಕೇಳ್ತೇನೆ, ನೀನು ಬಿಡು" ಎಂದೆ. ನಂಬರು ನನ್ನ ಹತ್ತಿರ ಮೊದಲಿಂದಲೂ ಇತ್ತು. ಆದರೂ ಮುಂದೂಡುತ್ತ ಬಂದೆ. ಒಂದು ಸಂಜೆ ಅವಳು, "ಅಜ್ಜ, ಇವತ್ತು ಹೇಳ್ಲಿಕ್ಕೇ ಬೇಕು. ಅವರ ಯೆಸ್ ಇಲ್ಲದಿದ್ರೆ ನಾನು ಆ ಪಾರ್ಟ್ ಕೊಡುವುದಿಲ್ಲ. ಡೈರೆಕ್ಟರ್ ಕಿರಿಚಿದ್ರೂ ಇಲ್ಲ" ಎಂದಳು.

ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡು ಫೋನು ಮಾಡಿದೆ. ನಮ್ಮ ಮಾತೆಲ್ಲ ತುಳುವಿನಲ್ಲಿ, ಇಲ್ಲಿ ಕನ್ನಡದಲ್ಲಿ ಬರೆಯುತ್ತೇನೆ.

"ಓ, ಜಗ್ಗಣ್ಣನಾ? ಇನ್ನೂ ಅಲ್ಲೇ ಇದ್ದೀರಾ ನೀವು? ದುಬೈಯವರು ನಿಮ್ಮನ್ನು ಮ್ಯೂಸಿಯಮ್ಮಿಗೆ ಹಾಕ್ಲಿಲ್ವಾ?"

"ಹಾಕ್ಲಿಕ್ಕೆ ಬಂದಿದ್ರು ಮಾರಾಯ. ನಾನು ಊಟ ಕೇಳಿದೆ, ಓಡಿದ್ರು."

ನಕ್ಕ. ಅದೇ ನಗು. ಮೊಣಕಾಲಿನ ವಿಷಯ ಬಂತು, ಮೀನಿನ ವಿಷಯ ಬಂತು. "ಮೊಮ್ಮಗ ಕೇಳ್ತಾನೆ, ಅಜ್ಜ ಅಬುಧಾಬಿಯಲ್ಲಿ ನಿಮ್ಮ ಆಫೀಸು ಎಷ್ಟನೇ ಮಾಳಿಗೆಯಲ್ಲಿತ್ತು ಅಂತ. ನಾನು ಎಂತ ಹೇಳುವುದು ಜಗ್ಗಣ್ಣ? ಎಲ್ಲಕ್ಕಿಂತ ಮೇಲೆ ಅಂತ ಹೇಳಿದೆ" ಎಂದ. ಅದನ್ನು ನನ್ನೊಬ್ಬನ ಹತ್ತಿರ ಮಾತ್ರ ಹೇಳಿ ನಗಬಹುದು ಅವನಿಗೆ. ಕೋಣೆಯವರಲ್ಲಿ ಅವನೊಡನೆ ಇನ್ನೂ ಮಾತು ಉಳಿಸಿಕೊಂಡವನು ನಾನೊಬ್ಬನೇ.

ನಾನು ಈಗ ಏನು ಕೇಳಬೇಕು? ನಿನ್ನ ಕ್ಯಾಸೆಟ್ಟನ್ನು ಸಿನಿಮಾದಲ್ಲಿ ಹಾಕಬಹುದೋ ಎಂದು. ಹಾಗೆ ಕೇಳಬೇಕಾದರೆ ಮೊದಲು, ಅದನ್ನು ಅಳಿಸಲಿಲ್ಲ, ಇಷ್ಟು ವರುಷ ನಿನಗೆ ಸುಳ್ಳು ಹೇಳಿಕೊಂಡು ಬಂದೆ ಎನ್ನಬೇಕು. ಕೇಳಿದರೆ ಅವನು 'ಬೇಡ' ಎನ್ನುತ್ತಾನೆ ಎಂದೂ ಗೊತ್ತಿತ್ತು. ಬೇಡ ಎಂದರೆ ನನ್ನ ಹುಡುಗಿಯ ಮೊದಲ ಕೆಲಸ — ಇಲ್ಲ, ಅವಳ ಮೇಲೆ ಹಾಕಬಾರದು. ಬೇಡ ಎಂದರೆ ನಾನು ಆರ್ಟಿಸ್ಟ್ ಆಗುವುದಿಲ್ಲ. ಅಷ್ಟೇ. "ಆಯ್ತು ಮಾರಾಯ, ಇಡ್ತೇನೆ" ಎಂದು ಇಟ್ಟೆ.

ಹೊರಗೆ ಬಂದೆ. ಶ್ರಾವ್ಯ ತಲೆ ಎತ್ತಿದಳು.

"ಅವನು ತೀರಿಕೊಂಡಿದ್ದಾನಂತೆ ಮಗಾ."

"ಅಯ್ಯೋ ಅಜ್ಜ. ಯಾವಾಗ? ಫ್ಯಾಮಿಲಿ?"

"ಯಾರೂ ಇಲ್ಲ. ಹೆಂಡತಿ ಮೊದಲೇ ಹೋಗಿದ್ದಳು. ಮಕ್ಕಳಿಲ್ಲ."

ಒಂದು ಉಸಿರಿನಲ್ಲಿ ಅವನ ಇಡೀ ಸಂಸಾರವನ್ನು ಅಳಿಸಿಬಿಟ್ಟೆ. ಹುಡುಗಿ ಎದ್ದು ಬಂದು ನನ್ನನ್ನು ತಬ್ಬಿಕೊಂಡಳು. ನನ್ನ ಕಣ್ಣಲ್ಲಿ ನೀರು ಬಂತು. ಹೆದರಿಕೆಯ ನೀರು ಅದು, ಅವಳು ದುಃಖ ಎಂದುಕೊಂಡಳು. ಚಹಾ ಮಾಡಿ ತಂದು ಕೊಟ್ಟಳು, ಮಗಳು ದೇವರ ಮುಂದೆ ದೀಪ ಹಚ್ಚಿದಳು, ಅಳಿಯ ಟಿವಿಯ ಸದ್ದು ಕಡಿಮೆ ಮಾಡಿದ. ಬದುಕಿದ್ದವನ ಸೂತಕದಲ್ಲಿ ಕುಳಿತು ನಾನು ಚಹಾ ಕುಡಿದೆ. ಸಕ್ಕರೆ ಕಡಿಮೆ ಎಂದು ಕೂಡ ಹೇಳಿದೆ.

ಸಿನಿಮಾ ಆಯಿತು. ಅಬುಧಾಬಿಯ ಒಂದು ದೊಡ್ಡ ಸಭಾಂಗಣದಲ್ಲಿ ತೋರಿಸಿದರು. ನನಗೆ ಹೊಸ ಅಂಗಿ, ಮುಂದಿನ ಸಾಲಿನಲ್ಲಿ ಕುರ್ಚಿ. ಗೋಡೆಯಷ್ಟು ಎತ್ತರಕ್ಕೆ ವಾಸುವಿನ ಮುಖ ಬಂತು — ನೀಲಿ ಗೆರೆಯ ಅಂಗಿ, ವಾಚು, ಒಂದು ಕೆನ್ನೆಯ ಬೆಳಕು. ಎಲ್ಲರಿಗೂ ಅರ್ಥವಾಗಲಿ ಎಂದು ಕೆಳಗೆ ಇಂಗ್ಲಿಷಿನಲ್ಲಿ, ಅರಬಿಯಲ್ಲಿ ಅವನ ಮಾತು. ಹೆಂಡತಿಯ ಕಿವಿಗೂ ಬೀಳಬಾರದು ಎಂದು ಅವನು ಅಳಿಸಲು ಹೇಳಿದ್ದನ್ನು ಗುರುತಿಲ್ಲದ ಜನರೆಲ್ಲ ಓದಿದರು. ಕೊನೆಗೆ ಕಪ್ಪು ಪರದೆಯ ಮೇಲೆ ಬಿಳಿ ಅಕ್ಷರ ಬಂತು. ಶ್ರಾವ್ಯ ನನ್ನ ಕಿವಿಯಲ್ಲಿ ಓದಿ ಹೇಳಿದಳು. ಈ ಚಿತ್ರ ಅವನ ನೆನಪಿಗೆ — ಅವನ ನಿಜ ಹೆಸರು — ಹಿಂದೆ ಮುಂದೆ ಯಾರೂ ಇಲ್ಲದೆ ತೀರಿಕೊಂಡವನಿಗೆ.

ನಿರ್ದೇಶಕ ನನ್ನನ್ನು ವೇದಿಕೆಗೆ ಕರೆದ. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಅತ್ತರು ಪೂಸಿಕೊಂಡ ಒಬ್ಬ ಹೆಂಗಸು ನನ್ನ ಕೈಗೆ ಹಣೆ ಒತ್ತಿ ಅತ್ತಳು. ಆ ಹೆಂಗಸಿನ ಮೇಲೆ, ಚಪ್ಪಾಳೆ ತಟ್ಟಿದವರ ಮೇಲೆ ಈಗ ಸಿಟ್ಟು ಬರುತ್ತದೆ — ಬೇರೆಯವರ ಕಣ್ಣೀರು ನಿಮಗೆ ಅಷ್ಟು ರುಚಿಯೇ ಎಂದು. ಆದರೆ ಅವರೇನು ಮಾಡಿದರು? ಬಡಿಸಿದ್ದನ್ನು ತಿಂದರು. ಬಡಿಸಿದವನು ನಾನು. ವೇದಿಕೆಯಿಂದ ಕೆಳಗಿಳಿದು ಬರುವಾಗ ನಾನು ನಗುತ್ತಿದ್ದೆ. ಫೋಟೋ ಇದೆ. ಅದರಲ್ಲಿ ಹಲ್ಲು ಕಾಣುತ್ತದೆ.

ಆಮೇಲೆ ಏನೂ ಆಗಲಿಲ್ಲ. ಸಿನಿಮಾ ದೇಶದೇಶ ಸುತ್ತಿತು, ನಮ್ಮ ಊರಿಗೆ ಮಾತ್ರ ಹೋಗಲಿಲ್ಲ. ವರುಷಗಟ್ಟಲೆ ನಾನು ವಾಸುವಿಗೆ ಫೋನು ಮಾಡಲಿಲ್ಲ. ಅವನು ಮಾಡಿದರೆ ಎತ್ತಲಿಲ್ಲ. ನಾನು ಎತ್ತದೆ ಇದ್ದಾಗ ಅವನೂ ಮಾಡುವುದನ್ನು ಬಿಟ್ಟ. ತಪ್ಪು ಹಳೆಯದಾದರೆ ಕರಗುತ್ತದೆ ಎಂದುಕೊಂಡಿದ್ದೆ.

ಈ ವರುಷ ಯಾರೋ ಆ ಸಿನಿಮಾದಿಂದ ವಾಸುವಿನ ತುಂಡೊಂದನ್ನೇ ಕತ್ತರಿಸಿ, ಕೊನೆಗೆ ಬರುವ ಹೆಸರುಗಳನ್ನೂ ಸೇರಿಸಿ ಫೋನಿನಲ್ಲಿ ಹರಿಯಬಿಟ್ಟರು. ಫೋನಿನಿಂದ ಫೋನಿಗೆ ದಾಟುತ್ತ ಅದು ಉಡುಪಿ ತಲುಪಿತು, ಕಾಪು ತಲುಪಿತು.

ಒಂದು ಬೆಳಿಗ್ಗೆ ನನಗೆ ಊರಿನ ನಂಬರಿನಿಂದ ಕರೆ ಬಂತು. ಹೆಂಗಸಿನ ಸ್ವರ.

"ಜಗ್ಗಣ್ಣ ಅಲ್ವಾ?"

"ಹೌದು. ಯಾರು?"

"ನಿಮ್ಮ ಸತ್ತುಹೋದ ಗೆಳೆಯನ ಹೆಂಡತಿ. ನಾನೂ ಸತ್ತಿದ್ದೇನಂತಲ್ಲ, ಆದರೂ ಮಾತಾಡ್ತಿದ್ದೇನೆ."

ಕೂತುಬಿಟ್ಟೆ. ಅವರು ಕೂಗಾಡಲಿಲ್ಲ, ಅಕ್ಕಿ ಆರಿಸುತ್ತ ಮಾತಾಡುವ ಹಾಗೆ ಹೇಳಿದರು. ಯಾರೂ ಇಲ್ಲದೆ ಸತ್ತವನ ವೀಡಿಯೊ ಎಂದು ಬರೆದು ಸೊಸೆಯ ಫೋನಿಗೆ ಯಾರೋ ಕಳಿಸಿದರಂತೆ. ಅವಳು ಅರ್ಧ ನೋಡಿ ಅತ್ತು, ವಾಸುವಿಗೇ ತಂದು ತೋರಿಸಿದಳಂತೆ — ನೋಡಿ ಮಾವ, ನಿಮ್ಮ ಹಾಗೆಯೇ ಉಂಟು ಮುಖ, ಪಾಪ ಯಾರೂ ಇಲ್ಲದೆ ಸತ್ತನಂತೆ ಎಂದು. ವಾಸು ಕೊನೆಯವರೆಗೂ ನೋಡಿದನಂತೆ. ಕೊನೆಗೆ ಅವನ ಹೆಸರು ಬಂತು. ಅದರ ಕೆಳಗೆ, ಚಿತ್ರ ತೆಗೆದವನು ಎಂದು, ನನ್ನ ಹೆಸರು.

"ಊರವರು ನಗ್ತಾರೆ. ಸತ್ತ ಸುದ್ದಿ ಬಂದರೆ ಆಯುಷ್ಯ ಹೆಚ್ಚು, ಇನ್ನು ನೂರು ವರ್ಷ ಅಂತಾರೆ. ನಗ್ಲಿ. ನನ್ನ ಕರಿಮಣಿ ನನ್ನ ಕುತ್ತಿಗೆಯಲ್ಲೇ ಉಂಟು, ನೀವು ಹೇಳಿದ ಕೂಡ್ಲೆ ಕಳಚಿ ಬೀಳ್ಲಿಲ್ಲ. ಅದಕ್ಕಲ್ಲ ನಾನು ಫೋನು ಮಾಡಿದ್ದು."

"ಸುಮತಿಯಕ್ಕ —"

"ಕೇಳಿ. ಇವರ ಕೆಲಸ ಎಂತದು ಅಂತ ನನಗೆ ಮೊದಲ ರಜೆಯಲ್ಲೇ ಗೊತ್ತಾಗಿತ್ತು. ಹೇಗೆ ಅಂತ ನಿಮ್ಮ ಹತ್ತಿರ ಹೇಳುವುದಿಲ್ಲ. ನಿಮ್ಮ ಹತ್ತಿರ ಹೇಳಿದ್ದೆಲ್ಲ ಸಿನಿಮಾ ಆಗ್ತದೆ. ನನಗೆ ಗೊತ್ತುಂಟು ಅಂತ ಇವರಿಗೆ ಗೊತ್ತಿರ್ಲಿಲ್ಲ. ಇವರು ಆಫೀಸಿನ ಕಥೆ ಹೇಳ್ತಿದ್ರು, ನಾನು ಹ್ಞೂಂ ಹ್ಞೂಂ ಅಂತಿದ್ದೆ. ಸುಳ್ಳು ಅಂತ ಗೊತ್ತಿದ್ದೂ ಕೇಳ್ಲಿಕ್ಕೆ ಚಂದ ಇತ್ತು. ಅಷ್ಟರ ಮೇಲೆ ನಮ್ಮ ಸಂಸಾರ ನಡೆದದ್ದು ಜಗ್ಗಣ್ಣ. ಈಗ ನಾನು ಬಡಿಸ್ಲಿಕ್ಕೆ ಹೋದ್ರೆ ಇವರು ಬಟ್ಟಲು ನೋಡ್ತಾರೆ. ನನ್ನ ಮುಖ ನೋಡುವುದಿಲ್ಲ."

ನಾನು, "ವಾಸುವಿಗೆ ಒಮ್ಮೆ ಫೋನು ಕೊಡಿ" ಎಂದೆ. ಸುಮತಿಯಕ್ಕ ಆ ಕಡೆ ತಿರುಗಿ ಕರೆದದ್ದು ಕೇಳಿಸಿತು. ಅವನ ಸ್ವರವೂ ಕೇಳಿಸಿತು, ದೂರದಿಂದ, ಸಮಾಧಾನದಿಂದ:

"ಸತ್ತವರು ಫೋನು ತೆಗೆಯುವುದಿಲ್ಲ ಅಂತ ಹೇಳು."

ಕರೆ ಮುಗಿಯಿತು.

ಅದೇ ವಾರ ಶ್ರಾವ್ಯ ಮಿಠಾಯಿ ಪೊಟ್ಟಣ ಹಿಡಿದು ಮನೆಗೆ ಬಂದಳು. ಹಿಂದೆ ಕೊಟ್ಟ ಲೈಸೆನ್ಸಿನ ಅವಧಿ ಮುಗಿದಿತ್ತು, ಈಗ ಭಾರತದ ಒಂದು ದೊಡ್ಡ ಟಿವಿಯವರು ಆ ಸಿನಿಮಾವನ್ನು ಮನೆಮನೆಗೆ ತೋರಿಸಲು ಹೊರಟಿದ್ದರು. ಅವಳಿಗೆ ಬಡ್ತಿ ಸಿಗುವುದರಲ್ಲಿತ್ತು. "ಅಜ್ಜ, ಇನ್ನೊಮ್ಮೆ ನಿಮ್ಮ ಯೆಸ್ ಬೇಕು, ಅಷ್ಟೇ. ನೀವೇ ಓನರ್ ಅಲ್ವಾ."

ಓನರ್. ಯಾವುದರ ಓನರ್ ನಾನು?

ಹೇಳಿದೆ. ಮಗಳು ಅಳಿಯನ ಎದುರಿಗೇ, ನಿಂತುಕೊಂಡೇ ಹೇಳಿದೆ — ಅಳಿಸದ್ದು, ಫೋನು ಮಾಡಿದ್ದು, ಸತ್ತ ಎಂದದ್ದು, ಸುಮತಿಯಕ್ಕನ ಕರೆ. ಮುಗಿಯುವಷ್ಟರಲ್ಲಿ ಅಳಿಯ ಕುರ್ಚಿ ಹತ್ತಿರ ಎಳೆದುಕೊಂಡ. "ಮಾವ, ಟೆನ್ಶನ್ ಬೇಡ. ಅವರು ಕಂಪ್ಲೇಂಟ್ ಕೊಟ್ಟಿಲ್ಲ ಅಲ್ಲ? ಮಾಫಿ ಮುಶ್ಕಿಲ್, ಎಂತ ತೊಂದರೆಯೂ ಇಲ್ಲ. ಟಿವಿಯಲ್ಲಿ ಆ ಲಾಸ್ಟ್ ಲೈನ್ ಒಂದು ತೆಗೆದ್ರೆ ಆಯ್ತು."

ನಾನು ಜೀವನದಲ್ಲಿ ಅಳಿಯನ ಮೇಲೆ ಸ್ವರ ಎತ್ತಿದವನಲ್ಲ. ಅಂದು ಎತ್ತಿದೆ. "ಅವನು ಬದುಕಿದ್ದಾನೆ ಎಂದು ಒಂದು ಸಾಲು ತಿದ್ದಿ, ಅವನು ಅತ್ತದ್ದನ್ನು ಇನ್ನೂ ಲಕ್ಷ ಜನಕ್ಕೆ ತೋರಿಸುವುದಾ? ನಿನ್ನ ಅಪ್ಪನದ್ದಾಗಿದ್ದರೆ ತೋರಿಸ್ತಿದ್ದೆಯಾ?" ಅವನು ಕುರ್ಚಿ ಹಿಂದಕ್ಕೆ ಸರಿಸಿದ. ಆದರೆ ಕೇಳಿದ ನನಗೇ ನಾಚಿಕೆಯಾಯಿತು. ಅವನು ಈಗ ಹೇಳಿದ್ದನ್ನು ನಾನು ಆಗಲೇ ಮಾಡಿ ಮುಗಿಸಿದ್ದೆ.

ಶ್ರಾವ್ಯ ಅಳಲಿಲ್ಲ. ಬಹಳ ಹೊತ್ತು ಪೊಟ್ಟಣದ ದಾರ ಬಿಚ್ಚುತ್ತ, ಕಟ್ಟುತ್ತ ಇದ್ದಳು.

"ಬೇರೆ ಯಾರೇ ಹೀಗೆ ಹೇಳಿದ್ರೂ ನಾನು ಪ್ರೂಫ್ ಕೇಳ್ತಿದ್ದೆ" ಎಂದಳು. "ಎಲ್ಲರ ಹತ್ತಿರ ಕೇಳಿದ್ದೇನೆ. ಮಕ್ಕಳನ್ನು ಕಳ್ಕೊಂಡವರ ಹತ್ತಿರ ಕೂಡ ಕೇಳಿದ್ದೇನೆ, ಬೈಸ್ಕೊಂಡಿದ್ದೇನೆ. ನಿಮ್ಮ ಹತ್ತಿರ ಕೇಳ್ಲಿಲ್ಲ. ಯಾಕೆಂದ್ರೆ ನೀವು ಅಜ್ಜ."

ಅಷ್ಟು ಹೇಳಿ ಒಳಗೆ ಹೋಗಿ ಕಂಪನಿಗೆ ಫೋನು ಮಾಡಿದಳು. ಗೋಡೆಯಾಚೆಯಿಂದ ಅವಳ ಇಂಗ್ಲಿಷು ಕೇಳುತ್ತಿತ್ತು. ನನ್ನ ಹೆಸರನ್ನು ಅವಳು ಎಲ್ಲಿಯೂ ಹೇಳಲಿಲ್ಲ ಎಂದು ಮಗಳು ಆಮೇಲೆ ತಿಳಿಸಿದಳು — 'ನಾನು ಸರಿಯಾಗಿ ವಿಚಾರಿಸಲಿಲ್ಲ, ತಪ್ಪು ನನ್ನದು' ಎಂದೇ ಹೇಳಿದಳಂತೆ. ಸಿನಿಮಾವನ್ನು ಎಲ್ಲ ಕಡೆಯಿಂದ ಹಿಂದಕ್ಕೆ ತೆಗೆದರು. ಟಿವಿಯವರು ಬೇಡ ಎಂದರು. ವಾಸುವಿಲ್ಲದೆ ಅದನ್ನು ಹೊಸದಾಗಿ ಜೋಡಿಸುತ್ತಾರಂತೆ, ಆದರೆ ಅದು ಶ್ರಾವ್ಯಳ ಕೈಯಲ್ಲಿಲ್ಲ. ಅವಳನ್ನು ಕೆಲಸದಿಂದ ತೆಗೆದರು. ಈಗ ಬೇರೆ ಹುಡುಕುತ್ತಿದ್ದಾಳೆ. ನನ್ನೊಡನೆ ಮಾತಾಡುತ್ತಾಳೆ: ಊಟ ಆಯ್ತಾ, ಮಾತ್ರೆ ತಗೊಂಡ್ರಾ. ಅದಕ್ಕಿಂತ ಹೆಚ್ಚು ಇಲ್ಲ. ಅವಳು ಬೈದರೆ ನನಗೆ ಹಗುರವಾಗುತ್ತಿತ್ತು. ನನಗೆ ಹಗುರ ಮಾಡುವ ಕೆಲಸ ಅವಳದ್ದಲ್ಲ.

ಫೋನಿನಲ್ಲಿ ಹರಿಯುತ್ತಿರುವುದನ್ನು ಮಾತ್ರ ಯಾರಿಂದಲೂ ಹಿಂದೆ ತರಲಾಗುವುದಿಲ್ಲವಂತೆ. ಅದು ನಿಮ್ಮ ಫೋನಿನಲ್ಲಿಯೂ ಇದ್ದರೆ ಮುಂದೆ ಕಳಿಸಬೇಡಿ. ಒಳ್ಳೆಯ ಚಿತ್ರ, ಮನ ಕರಗಿತು ಎಂದು ನನಗೆ ಹೇಳಲೂ ಬೇಡಿ. ಆ ಮನುಷ್ಯ ಅತ್ತದ್ದು ನಿಮ್ಮ ಮನ ಕರಗಲಿಕ್ಕಲ್ಲ.

ಇದನ್ನು ಬರೆಯಬೇಕು ಎಂದು ತೀರ್ಮಾನಿಸಿದ ಮೇಲೆ ಸುಮತಿಯಕ್ಕನಿಗೆ ಫೋನು ಮಾಡಿದೆ. ಕ್ಷಮೆ ಕೇಳಲು ಬಾಯಿ ತೆರೆದೆ, ಅವರು ತಡೆದರು. "ಅದು ಇವರ ಹತ್ತಿರ. ನನ್ನ ಹತ್ತಿರ ಎಂತಕ್ಕೆ?" ಎಂದರು. ಹಾಗಾದರೆ, ನಾನು ಮಾಡಿದ್ದನ್ನು ನನ್ನ ಹೆಸರು ಹಾಕಿ ಬರೆಯಬಹುದೇ ಎಂದು ಕೇಳಿದೆ. ಫೋನನ್ನು ಕೈಯಿಂದ ಮುಚ್ಚಿ ಒಳಗೆ ಯಾರನ್ನೋ ಕೇಳಿದ ಹಾಗಾಯಿತು.

"ಹೆಸರು ಬದಲಿಸಿ. ಕೆಲಸ ಬರೆಯಬೇಡಿ. ಬದುಕಿದ್ದಾರೆ, ಹೆಂಡತಿ ಮಕ್ಕಳಿದ್ದಾರೆ ಅಂತ ಬರೀರಿ. ಅಚ್ಚಿಗೆ ಕೊಡುವ ಮೊದಲು ಓದಿ ಹೇಳ್ಬೇಕು."

ನಿನ್ನೆ ಓದಿ ಹೇಳಿದೆ, ಮೊದಲಿನಿಂದ ಕೊನೆಯವರೆಗೆ. ಸುಮತಿಯಕ್ಕ ತಮ್ಮ ಮಾತುಗಳೂ ಇರಲಿ ಎಂದರು. ಫೋನು ಸ್ಪೀಕರಿನಲ್ಲಿ ಇಟ್ಟಿದ್ದರೋ ಏನೋ, ಒಮ್ಮೆ ಗಂಡಸಿನ ಕೆಮ್ಮು ಕೇಳಿಸಿತು. ಮುಗಿದ ಮೇಲೆ, ಒಂದು ಸಾಲು ಬೇಡ, ತೆಗೆಯಿರಿ ಎಂದರು. ವಾಸುವಿನ ವಿಷಯದ ಸಾಲು ಅದು. ಇಡೀ ಬರಹದಲ್ಲಿ ನನಗೆ ಚೆನ್ನಾಗಿ ಬಂದದ್ದು ಅದೊಂದೇ. ಬರೆದಾಗ ಎರಡು ಸಲ ಓದಿಕೊಂಡು ಹಿಗ್ಗಿದ್ದೆ.

ತೆಗೆದಿದ್ದೇನೆ. ನನ್ನ ಹತ್ತಿರವೂ ಇಟ್ಟುಕೊಂಡಿಲ್ಲ.